ಹುಲಿಗೆವ್ವನ ಪಾಟಿ

ವೆಂಕಣ್ಣ ಮಾಸ್ತರರು ಕೆಟ್ಟವರಲ್ಲ. ಹುಬ್ಬಳ್ಳಿಯಿಂದ ರಾಯಾಪುರಕ್ಕೆ ಹೋಗುವ ಹಾದಿಯ ಆ ಸಣ್ಣ ಕನ್ನಡ ಸಾಲೆಗೆ, ಎಲ್ಲ ಜಾತಿಯ ಮಕ್ಕಳನ್ನೂ ಸೇರಿಸಿಕೊಳ್ಳಬೇಕೆಂದು ಬೋರ್ಡಿನ ಹುಕುಂ ಬಂದಾಗ, ಊರವರು ಹಾರಾಡಿದರೂ ಅವರು ಊರಾಚೆಯ ಕೇರಿಯ ಹುಲಿಗೆವ್ವನ ಹೆಸರು ಹಚ್ಚಿಕೊಂಡರು. ಹೊರಗಿನ ಕಟ್ಟೆಯ ಮೇಲೆ ಕೂಡಿಸಿದರು, ಅಷ್ಟೇ. ದೇವರು ವರ ಕೊಟ್ಟರೂ ಪೂಜಾರಿ ಕೊಡಬೇಕಲ್ಲ!

ಮಾಸ್ತರರ ಕಣ್ಣು ಮಂದ. ಪಾಟಿಯನ್ನು ಕೈಯಲ್ಲಿ ಹಿಡಿದು ಮೂಗಿನ ಹತ್ತಿರ ತಂದರೇ ಬರಹ ಕಾಣುತ್ತಿತ್ತು. ಉಳಿದ ಮಕ್ಕಳ ಪಾಟಿ ನೇರ ಅವರ ಕೈಗೆ ಹೋಗುತ್ತಿತ್ತು. ಹುಲಿಗೆವ್ವ ಮಾತ್ರ ತನ್ನದನ್ನು ಹೊಸ್ತಿಲ ಹೊರಗೆ ನೆಲಕ್ಕಿಟ್ಟು ಹಿಂದೆ ಸರಿಯಬೇಕು. ಮಾಸ್ತರರು ಮಡಿಗೆಂದು ತಂಬಿಗೆಯ ನೀರು ಚಿಮುಕಿಸಿ ಎತ್ತಿಕೊಳ್ಳಬೇಕು. ಅಷ್ಟರಲ್ಲಿ ಬಳಪದ ಬರಹ ಕರಗಿಹೋಗಿರುತ್ತಿತ್ತು. ಹುಡುಗಿಯ ಕಷ್ಟವೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತೆ. ಪರೀಕ್ಷೆಯಲ್ಲಿ ಬಾಯಿಂದ ಹೇಳಿದ್ದು ನಡೆಯದು, ಬರೆದದ್ದೇ ಖರೆ. ಹೋದ ವರ್ಷ "ಏನೂ ಕಾಣವಲ್ದವಾ" ಎಂದು ನಪಾಸು ಮಾಡಿದ ಮಾಸ್ತರರು, ಪಾಪ ಅನ್ನಿಸಿ ಅಂದು ಒಂದು ತುತ್ತು ಕಡಿಮೆ ಉಂಡರು. ಮಡಿ ಮಾತ್ರ ಕಡಿಮೆ ಮಾಡಲಿಲ್ಲ.

ಈ ಸಲವೂ ನಪಾಸಾದರೆ ಸಾಲೆ ಬಿಡಿಸಿ ಸೆಗಣಿ ಹೆಕ್ಕಲು ಕಳಿಸುವುದಾಗಿ ತಾಯಿ ಸತ್ಯವ್ವ ಹೇಳಿಹೋಗಿದ್ದಳು.

ಪರೀಕ್ಷೆಯ ದಿನ ಮಾಸ್ತರರು ಗುಣಾಕಾರದ ಲೆಕ್ಕ ಹೇಳಿದರು. ಕಟ್ಟೆಯ ಕಡೆಯಿಂದ ಕರಕರ ಸಪ್ಪಳ ಎದ್ದಿತು. ಒಳಗಿನ ಮಕ್ಕಳು ಹಲ್ಲು ಜುಮ್ಮೆಂದು ಕಿವಿ ಮುಚ್ಚಿಕೊಂಡವು. ಹುಲಿಗೆವ್ವ ತಲೆ ಎತ್ತಲಿಲ್ಲ. ಎಲ್ಲರ ನಂತರ ಪಾಟಿ ಇಟ್ಟು ಸರಿದು ನಿಂತಳು.

ಮಾಸ್ತರರು ನೀರು ಚಿಮುಕಿಸಿ ಎತ್ತಿದರು. ಅಂಕಿಗಳು ಅಳಿದಿರಲಿಲ್ಲ. ಒರೆಸಿದರು, ಆಗಲೂ ಹೋಗಲಿಲ್ಲ, ಬೆರಳಿಗೆ ತಾಗಿದವು. ಹಾದಿಯಲ್ಲಿ ಸಿಕ್ಕ ಎತ್ತಿನ ಲಾಳದ ಮೊಳೆಯಿಂದ ಹುಡುಗಿ ಪಾಟಿಯ ಕಲ್ಲನ್ನೇ ಕೊರೆದಿದ್ದಳು. ಉತ್ತರ ಸರಿಯಾಗಿತ್ತು.

"ಪಾಟಿ ಕೆಡಿಸಿಕೊಂಡ್ಯಲ್ಲವಾ. ನಾಳಿಂದ ಇದರ ಮ್ಯಾಲ ಏನ ಬರೀತಿ?"

"ಬರಿಯಾಕ ಆಗೂದಿಲ್ರಿ," ಎಂದಳು ಹುಲಿಗೆವ್ವ. "ಹೋದ ವರ್ಷಾನೂ ಸರಿಯಾಗೇ ಬರೆದಿದ್ದೆರಿ, ಮಾಸ್ತರ. ನೀವು ಓದೂದ್ರೊಳಗ ಹೋಗಿತ್ರಿ."

ಮಾಸ್ತರರಿಗೆ ಭೂಮಿ ಬಾಯಿಬಿಡಬಾರದೇ ಅನ್ನಿಸುವಷ್ಟು ನಾಚಿಕೆಯಾಯಿತು. ಹುಡುಗಿಯ ಒಂದು ವರ್ಷವನ್ನು ತಮ್ಮ ಕೈಯಾರೆ ತೊಳೆದುಹಾಕಿದ್ದರು. ಅವಳನ್ನು ಪಾಸು ಮಾಡಿದರು.

ಮರುದಿನ ತಮ್ಮ ಮಗಳು ಇಂದುವಿನ ಹೊಸ ಪಾಟಿ ತಂದರು. ಹೊಸ್ತಿಲ ಬಳಿ ನೆಲಕ್ಕಿಡಲು ಬಾಗಿದವರು ತಡೆದು ನಿಂತು, ಅದನ್ನು ಅವಳ ಮುಂದೆ ಹಿಡಿದರು. ಹುಲಿಗೆವ್ವ ರೂಢಿಯಂತೆ ಹಿಂದೆ ಸರಿದಳು.

"ಕೈ ಮುಂದ ಮಾಡವಾ," ಎಂದರು ಮಾಸ್ತರರು.

ಆ ಮಾತು ಅವರು ಇನ್ನೊಮ್ಮೆ ಹೇಳಬೇಕಾಯಿತು.