ರೊವಿಗೊದಲ್ಲಿ ಓಡಿದ ಸನ್ಯಾಸಿನಿ ಪ್ರತಿ

ಎಲ್ವೆಝಿಯೋ ಮೊಂತ್ರುಕ್ಕೋಲಿ ತೆಗೆದ ಬೆತ್ತಲೆ ಸಿನಿಮಾಗಳನ್ನು ಒಂದರ ತುದಿಗೊಂದು ಗಂಟು ಹಾಕಿದ್ದರೆ ರೋಮ್ ಪಟ್ಟಣಕ್ಕೆ ಮೂರು ಸುತ್ತು ಬಂದು, ಉಳಿದ ತುಂಡಿನಲ್ಲಿ ಪೋಪರ ಅಂಗಳಕ್ಕೆ ಬೇಲಿ ಕಟ್ಟಬಹುದಿತ್ತು. ಮಂಚ ತೋರಿಸುವುದು ಯಾವ ಕುರುಡನಿಗೂ ಬರುತ್ತದೆ, ಕಥೆ ಕಟ್ಟುವುದು ತನಗೊಬ್ಬನಿಗೇ ಎಂಬುದು ಅವನ ಜಂಬ. ಮಂಚದ ದೃಶ್ಯವನ್ನು ಎರಡು ಗಂಟೆಯಲ್ಲಿ ಮುಗಿಸಿ, ಕಿಟಕಿಯ ಬೆಳಕಿಗಾಗಿ ಮೂರು ದಿನ ಕಾಯುವ ಆಸಾಮಿ.

ಈ ಸಲ ಅವನ ಪ್ರಾಣವೆಲ್ಲ ಒಂದು ಇಸ್ತ್ರಿ ಪೆಟ್ಟಿಗೆಯಲ್ಲಿತ್ತು. ವಿಧವೆಯೊಬ್ಬಳು ಸತ್ತ ಗಂಡನ ಅಂಗಿಗಳನ್ನು ಇಸ್ತ್ರಿ ಮಾಡುತ್ತಾಳೆ. ಒಂಬತ್ತು ನಿಮಿಷ ಮಾತಿಲ್ಲ, ಒಂದು ಗುಂಡಿಯೂ ಬಿಚ್ಚುವುದಿಲ್ಲ. ನಿರ್ಮಾಪಕ ಸ್ಕಾರ್ಪೆಲ್ಲಿನಿ ಹಣೆ ಚಚ್ಚಿಕೊಂಡ.

"ಎರಡು ಬಸ್ಸಿನ ನಡುವೆ ಬಂದು ಕೂರೋ ಜನ ಮಾರಾಯ. ಇಸ್ತ್ರಿ ನೋಡೋಕೆ ಅವರ ಮನೇಲಿ ಹೆಂಡ್ತಿ ಇಲ್ವಾ?"

ಆ ಕಸುಬಿನಲ್ಲಿ ಒಂದೊಂದು ಚಿತ್ರಕ್ಕೂ ಎರಡೆರಡು ಪ್ರತಿ. ಥಿಯೇಟರಿಗೆ ಮಂಚವಿರುವುದು, ಸೆನ್ಸಾರಿನವರಿಗೆ ಮಂಚವಿಲ್ಲದ್ದು. ಎರಡನೆಯದನ್ನು ಸಂಕಲನದ ನೀವೆಸ್ 'ಸನ್ಯಾಸಿನಿ' ಎನ್ನುತ್ತಿದ್ದಳು. ಮಂಚ ಕಳೆದರೆ ಅದರ ಉದ್ದ ಸಾಲದು. ಆದ್ದರಿಂದ ಇಸ್ತ್ರಿ ಅದರಲ್ಲಿ ಮಾತ್ರ ಇರಲಿ ಎಂದು ತೀರ್ಮಾನವಾಯಿತು. ಸೆನ್ಸಾರಿನಲ್ಲಿ ತೂಕಡಿಸುವ ಏಳು ಮುದುಕರ ಹೊರತು ಲೋಕದಲ್ಲಿ ಯಾರೂ ತನ್ನ ಇಸ್ತ್ರಿಯನ್ನು ನೋಡುವುದಿಲ್ಲವೆಂದು ಎಲ್ವೆಝಿಯೋ ವಾರವಿಡೀ ಊಟ ಬಿಟ್ಟ; ಅಂದರೆ ಎರಡನೆಯ ತಟ್ಟೆ ಪಾಸ್ತಾ ಬಿಟ್ಟ.

ಮೊದಲ ಆಟಕ್ಕೆ ಯಾರಿಗೂ ಹೇಳದೆ ಹೋಗಿ ಹಿಂದಿನ ಸಾಲಿನಲ್ಲಿ ಕೂರುವುದು ಅವನ ಹಳೆಯ ಚಾಳಿ. ಈ ಸಲ ರೊವಿಗೊ ಎಂಬ ಊರಿನಲ್ಲಿ ಮಧ್ಯಾಹ್ನ ಮೂರರ ಆಟ. ಪರದೆಯ ಮೇಲೆ ಇಸ್ತ್ರಿ ಪೆಟ್ಟಿಗೆ ಕಾಣಿಸಿದಾಗ ಗೊತ್ತಾಯಿತು: ರೀಲಿನ ಡಬ್ಬಿ ಅದಲುಬದಲಾಗಿ ಸನ್ಯಾಸಿನಿಯೇ ಬಂದಿದ್ದಳು. ಎದ್ದು ಹೋಗಿ ಆಟ ನಿಲ್ಲಿಸಬಹುದಿತ್ತು. ಕದಲಲಿಲ್ಲ.

ಸಿಳ್ಳೆ ಎದ್ದಿತು, ಅಲ್ಲಿ ಸಿಳ್ಳೆಯೆಂದರೆ ಉಗಿದಂತೆ. ಛಾವಣಿಯ ಪಾರಿವಾಳಗಳೆಲ್ಲ ವೆನಿಸ್ಸಿಗೆ ವಲಸೆ ಹೋದವು. ಮೂರನೆಯ ಅಂಗಿಯ ಹೊತ್ತಿಗೆ ಸಿಳ್ಳೆ ತೆಳುವಾಯಿತು.

"ಕಾಲರ್ ಮೊದ್ಲು ಒತ್ಬೇಕಿತ್ತು," ಎಂದ ಒಬ್ಬ.

"ಸುಮ್ನಿರೋ, ಅವಳ ಗಂಡ ಅವನು," ಎಂದು ಇನ್ನೊಬ್ಬ ಗದರಿದ.

ಐದನೆಯ ಅಂಗಿಯನ್ನು ಅವಳು ಮೂಸಿದಾಗ ನಾನೂರು ಗಂಡಸರ ಉಸಿರು ನಿಂತಿತು. ನಲವತ್ತು ಎನ್ನುವವರೂ ಇದ್ದಾರೆ, ಅವರು ಅಲ್ಲಿರಲಿಲ್ಲ.

ಕೆಟ್ಟದ್ದು ಆಮೇಲೆ. ವಿಧವೆ ಆ ಅಂಗಿ ಹಿಡಿದು ತನ್ನ ಮನೆಯಲ್ಲೇ ಬಾಡಿಗೆಗಿದ್ದವನ ಕೋಣೆಯ ಬಾಗಿಲು ತಟ್ಟಿದಳು, ಬಾಗಿಲು ತೆರೆಯಿತು, ಚಿತ್ರ ಮುಗಿಯಿತು, ದೀಪ ಹತ್ತಿತು.

"ಅಂಗಿ ಕೊಟ್ಲೋ ಇಲ್ವೋ?" ಎಂದು ಸಭೆಯೇ ಗದ್ದಲವೆಬ್ಬಿಸಿತು.

ಕಥೆಯ ಕೊನೆಯನ್ನು ಎಲ್ವೆಝಿಯೋ ಮಂಚದ ದೃಶ್ಯದೊಳಗೇ ಇಟ್ಟಿದ್ದ. ಕಥೆ ಬೇರೆ, ಮಂಚ ಬೇರೆ ಎಂದು ಇಪ್ಪತ್ತು ವರ್ಷ ಬೀಗಿದವನ ಕೈಯಲ್ಲಿ ಈಗ ಅರ್ಧ ಕಥೆಯಿತ್ತು. ಎದ್ದು ನಿಂತು, ಚಿತ್ರ ತೆಗೆದವನು ತಾನೇ ಎಂದ. ಯಾರೂ ನಂಬಲಿಲ್ಲ, ಆದರೂ ತಿರುಗಿ ಕೂತರು. ಅವಳು ಅಂಗಿ ಕೊಟ್ಟಳು, ಬಾಡಿಗೆಯವನು ತೊಡಲಿಲ್ಲ, ಮಡಿಕೆ ಕೆಡದಂತೆ ಕುರ್ಚಿಯ ಮೇಲಿಟ್ಟ, ಆಮೇಲೆ ಅವಳ ಕೈ ಹಿಡಿದ ಎಂದು ಹೇಳಿದ. ನಿಜವಾಗಿ ಚಿತ್ರದಲ್ಲಿ ಅವನು ಅಂಗಿಯನ್ನು ನೆಲಕ್ಕೆಸೆದಿದ್ದ. ಅವಸರದಲ್ಲಿ ಹಾಗೆ ತೆಗೆದಿದ್ದರು.

"ಆಮೇಲೆ?" ಎಂದ ಮುಂದಿನ ಸಾಲಿನ ಮುದುಕ.

ಜೀವಮಾನದಲ್ಲೇ ಮೊದಲ ಸಲ ಎಲ್ವೆಝಿಯೋ, ಮಂಚದ ಮೇಲೆ ಏನಾಗುತ್ತದೆ ಎಂದು ನಿಧಾನವಾಗಿ ಯೋಚಿಸತೊಡಗಿದ.