ಸೊಣ್ಣಮ್ಮ ಮೆಟ್ಟಿಲು ಹತ್ತಿದ ದಿನ

ಸೊಣ್ಣಮ್ಮನವರ ನಡಿಗೆಯನ್ನು ಮೊದಲ ಸಲ ಕಂಡವರು, ಅವರೇನೋ ಕಳೆದುಕೊಂಡು ಹುಡುಕುತ್ತಿದ್ದಾರೆಂದೇ ಭಾವಿಸುತ್ತಾರೆ. ತಲೆ ತಗ್ಗಿಸಿ, ಈಗಷ್ಟೇ ಮೊಳೆತ ರಾಗಿಯ ಪೈರು ಕಾಲಡಿಯಲ್ಲಿದೆಯೋ ಎಂಬಂತೆ ಪಾದವನ್ನು ಓರೆಯಾಗಿಟ್ಟು ಅವರು ಸಾಗುತ್ತಾರೆ. ಹೊಲ ಹೋಗಿ ಸಿಮೆಂಟಿನ ಕಾಲುದಾರಿ ಬಂದರೂ ಆ ನಡಿಗೆ ಬದಲಾಗಿಲ್ಲ. ಸೀರೆಯ ಮೇಲೆ ತೀರಿಹೋದ ಯಜಮಾನರು ನರಸಪ್ಪನವರ ಕಪ್ಪು ಕೋಟು. ವೈಶಾಖದ ಬಿಸಿಲಿನಲ್ಲೂ ಮೈಬಿಡದ ಆ ಕೋಟಿನ ಒಂದು ಜೇಬಿನಲ್ಲಿ ಎಲೆಅಡಿಕೆ, ಇನ್ನೊಂದರಲ್ಲಿ ಬಾಡಿಗೆ ಮನೆಗಳ ಬೀಗದಕೈ ಗೊಂಚಲು. ಮಹದೇವಪುರದಾಚೆ ಅವರಿಗಿರುವ ಅಂಥ ಮನೆಗಳಲ್ಲೊಂದರ ಮಹಡಿಯಲ್ಲಿ ನಾನಿದ್ದೇನೆ.

ನನ್ನ ಕಿಟಕಿಯಿಂದ ಮೆಟ್ರೋ ನಿಲ್ದಾಣ ಕಾಣುತ್ತದೆ. ರಸ್ತೆಯ ನೆತ್ತಿಯ ಮೇಲೆ ಕಂಬಗಳು ಹೊತ್ತು ನಿಲ್ಲಿಸಿದ ಆ ನೀಳವಾದ ಕಟ್ಟಡಕ್ಕೆ ನೆಲದಿಂದ ಮೆಟ್ಟಿಲು ಏಳುವ ಜಾಗವಿದೆಯಲ್ಲ, ಅದು ಒಂದು ಕಾಲಕ್ಕೆ ಇವರು ಉಳುತ್ತಿದ್ದ ಹೊಲ. ಉತ್ತವರು ಸೊಣ್ಣಮ್ಮನವರಾದರೂ ಪತ್ರವಿದ್ದದ್ದು ನಾದಿನಿ ಚಿಕ್ಕಮುನಿಯಮ್ಮನ ಹೆಸರಿನಲ್ಲಿ. ಎಳೆಯ ವಯಸ್ಸಿನಲ್ಲೇ ಗಂಡನನ್ನು ಕಳೆದುಕೊಂಡು ತವರಿಗೆ ಮರಳಿದ ಮಗಳಿಗೆ ಆಸರೆಯಾಗಲೆಂದು ತಂದೆ ಬರೆದುಕೊಟ್ಟ ತುಂಡು ಅದು. ರೈಲಿಗೆ ಜಾಗ ಕೇಳಿಕೊಂಡು ಬಂದಾಗ ಚಿಕ್ಕಮುನಿಯಮ್ಮ ಅತ್ತಿಗೆಗೆ ಒಂದು ಮಾತೂ ತಿಳಿಸದೆ ಹೆಬ್ಬೆಟ್ಟು ಒತ್ತಿ ಬಂದರು.

ಅಂದಿನಿಂದ ಸೊಣ್ಣಮ್ಮನವರು ಎರಡು ಹಟ ಹಿಡಿದರು. ನಿಲ್ದಾಣದ ಮೆಟ್ಟಿಲು ತುಳಿಯುವುದಿಲ್ಲ, ನಾದಿನಿಯೊಡನೆ ಮಾತಾಡುವುದಿಲ್ಲ. ರಸ್ತೆ ದಾಟಲು ನಿಲ್ದಾಣದ ಒಳಗಿಂದಲೇ ನಿರಾತಂಕವಾದ ದಾರಿಯಿದ್ದರೂ ಲಾರಿ ಬಸ್ಸುಗಳ ನಡುವೆ ಕೈಯೆತ್ತಿ ನುಗ್ಗುತ್ತಿದ್ದರು. ಹಾಗೆಂದು ಒಲೆ ಬೇರೆಯಾಗಲಿಲ್ಲ. ಮುದ್ದೆ ತಿರುವಿಟ್ಟು, ಅಂಗಳದ ತುಳಸಿಕಟ್ಟೆಯ ಕಡೆ ಮುಖ ಮಾಡಿ ಹೇಳುವರು: "ಸಾರು ಆರೋಯ್ತಾ ಐತೆ. ಉಣ್ಣೋರು ಉಣ್ಲಿ." ಚಿಕ್ಕಮುನಿಯಮ್ಮ ಬಾಗಿಲಿನ ಕಂಬಕ್ಕೆ ಉತ್ತರ ಕೊಡುವರು: "ಉಣ್ಣೋರು ಬತ್ತಾ ಅವ್ರೆ." ವರ್ಷಗಟ್ಟಲೆ ಆ ಮನೆಯ ಸಂಸಾರ ತುಳಸಿ ಮತ್ತು ಕಂಬಗಳ ಮಧ್ಯಸ್ಥಿಕೆಯಲ್ಲೇ ನಡೆಯಿತು.

ಒಂದು ಭಾನುವಾರ ಮಧ್ಯಾಹ್ನ ನನ್ನ ಬಾಗಿಲು ದಡದಡ ಬಡಿದ ಸದ್ದಾಯಿತು. ತೆರೆದರೆ ಸೊಣ್ಣಮ್ಮನವರು.

"ಸಾರ್, ನಮ್ಮ ಮುನಿಯಮ್ಮ ಕಾಣಿಸ್ತಿಲ್ಲ. ಬೆಳಗ್ಗೆ ಹಾಲು ತಂದಿಟ್ಟು ಓದೋಳು. ಇತ್ತೀಚ್ಗೆ ಮರೆವು ಬೇರೆ ಅವ್ಳಿಗೆ."

ಆ ಹೆಸರನ್ನು ಅವರ ಬಾಯಲ್ಲಿ ನಾನು ಕೇಳಿದ್ದು ಅದೇ ಮೊದಲು.

ಮುನೇಶ್ವರನ ಗುಡಿ, ಕೆರೆಯ ಏರಿ, ನ್ಯಾಯಬೆಲೆ ಅಂಗಡಿ, ಎಲ್ಲ ಸುತ್ತಿದೆವು. ಕೆರೆಯ ಬಳಿ ಸೊಣ್ಣಮ್ಮನವರು ನೀರನ್ನು ಬಹಳ ಹೊತ್ತು ನೋಡುತ್ತ ನಿಂತರು. ಕೊನೆಗೆ ಸುಳಿವು ಕೊಟ್ಟವರು ನಿಲ್ದಾಣದ ಕೆಳಗೆ ಹೂ ಮಾರುವ ವಸಂತಮ್ಮ. "ಬೆಳಗ್ಗೇನೇ ಮೇಲಕ್ಕೆ ಹೋದ್ರಲ್ಲಕ್ಕ. ಇಳಿದಿದ್ದು ನಾನಂತೂ ನೋಡ್ಲಿಲ್ಲ."

"ನೀವಿಲ್ಲೇ ಇರಿ, ನಾನು ವಿಚಾರಿಸಿ ಬರುತ್ತೇನೆ" ಎಂದು ನಾನು ಹೇಳುವಷ್ಟರಲ್ಲಿ ಸೊಣ್ಣಮ್ಮನವರು ಸೀರೆಯ ನೆರಿಗೆ ಎತ್ತಿ ಹಿಡಿದು ಮೆಟ್ಟಿಲೇರತೊಡಗಿದ್ದರು. ಪಕ್ಕದಲ್ಲೇ ತಾನಾಗಿ ಏರುವ ಮೆಟ್ಟಿಲಿತ್ತು. ಅದನ್ನು ಕಣ್ಣೆತ್ತಿಯೂ ನೋಡದೆ, ನಡುವೆ ಎಲ್ಲಿಯೂ ನಿಲ್ಲದೆ, ಏದುಸಿರು ಬಿಡುತ್ತ ಅವರು ನನಗಿಂತ ಮುಂಚೆ ಮೇಲಿದ್ದರು.

ಗೇಟಿನ ಬಳಿ ಕಾವಲಿದ್ದ ತರುಣಿ ಅಡ್ಡ ಬಂದಳು. "ಟಿಕೆಟ್ ಇಲ್ದೆ ಬಿಡಲ್ಲ ಅಜ್ಜಿ."

"ನಿನ್ನ ರೈಲು ಅತ್ತಕ್ಕೆ ಬಂದಿಲ್ಲ ಕಣಮ್ಮ. ನಮ್ಮೋಳು ಒಬ್ಳು ಒಳಗವ್ಳೆ. ಕರ್ಕೊಂಡೋಗ್ಬುಡ್ತೀನಿ."

ಆ ದನಿಯಲ್ಲಿ ಏನಿತ್ತೋ, ಆ ಹುಡುಗಿ ಒಳಗಿನ ಅಧಿಕಾರಿಗೆ ಹೇಳಿ ತಾನೇ ನಮ್ಮನ್ನು ಪ್ಲಾಟ್‌ಫಾರ್ಮಿಗೆ ಕರೆದೊಯ್ದಳು.

ತುತ್ತತುದಿಯ ಬೆಂಚಿನ ಮೇಲೆ, ಕೈಚೀಲವನ್ನು ಹೊಟ್ಟೆಗವಚಿಕೊಂಡು, ಚಿಕ್ಕಮುನಿಯಮ್ಮ ಕುಳಿತಿದ್ದರು. ಸೊಣ್ಣಮ್ಮನವರು ಅಷ್ಟು ದೂರದಲ್ಲೇ ನಿಂತುಬಿಟ್ಟರು. ರೈಲೊಂದು ಬಂದು, ಜನರನ್ನು ಇಳಿಸಿ, ಹತ್ತಿಸಿಕೊಂಡು ಹೋಯಿತು. ಆಮೇಲೆ ಹತ್ತಿರ ಹೋಗಿ, ನಾದಿನಿಯ ಮುಖವನ್ನೇ ನೋಡುತ್ತ ಕೇಳಿದರು:

"ಏನಾದ್ರೂ ಉಂಡಿದ್ದೀಯೇನೇ?"

ಚಿಕ್ಕಮುನಿಯಮ್ಮ ಕಂಬಕ್ಕಾಗಿ ಅತ್ತಿತ್ತ ಕಣ್ಣಾಡಿಸಿದರು. ಮಾತು ತಮಗೇ ಎಂದು ತಿಳಿದದ್ದೇ ಗಳಗಳನೆ ಅತ್ತುಬಿಟ್ಟರು. "ಟಿಕೆಟ್ ಬಿಲ್ಲೆ ಕಳ್ದೋಯ್ತು ಅತ್ಗೆ. ಅದಿಲ್ದಿದ್ರೆ ಆ ಗೇಟು ಈಚೆಗೆ ಬಿಡಲ್ವಂತೆ. ಪೋಲೀಸ್ರು ಇಡ್ಕಂತಾರೆ ಅಂತ ಇಲ್ಲೇ ಕುಂತೆ."

"ಯಾರ್ನಾದ್ರೂ ಕೇಳೋಕೆ ಬಾಯಿರ್ಲಿಲ್ವಾ? ಮೊದ್ಲು ಇಲ್ಲಿಗ್ಯಾಕೆ ಬಂದೆ?"

"ಮ್ಯಾಲಿಂದ ಅಣ್ಣನ್ನ ಮಣ್ಣು ಮಾಡಿದ್ ಜಾಗ ಕಾಣ್ತದೆ ಅಂದ್ರು. ಇವತ್ತು ಅಣ್ಣ ತೀರೋದ ದಿನ. ನೀನಂತೂ ನನ್ನ ಕರ್ಕೊಂಡೋಗಲ್ಲ. ಅದಕ್ಕೆ ಇಲ್ಲಿಂದ್ಲೇ ಕೈ ಮುಗಿದೆ." ಹೀಗೆಂದವರು ಪ್ಲಾಟ್‌ಫಾರ್ಮಿನ ತಡೆಗೋಡೆಯಾಚೆಯ ಬಯಲಿನತ್ತ ಬೆರಳು ಮಾಡಿದರು.

ಸೊಣ್ಣಮ್ಮನವರು ಆ ಗೋಡೆಗೆ ಆತು, ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿದರು.

"ಅಯ್ಯೋ ಮುಂಡೇದೆ, ಅದು ಭೀಮಪ್ಪನ ಉಣಿಸೇ ತೋಪು ಕಣೆ! ನಮ್ದು ಇತ್ಲಾಗೆ, ಆ ನೀರಿನ ಟ್ಯಾಂಕಿನ ಇಂದೆ. ಬೆಳಗ್ಗಿಂದ ಭೀಮಪ್ಪನ ತಾತಂಗೆ ಕೈ ಮುಕ್ಕೊಂಡು ಕುಂತಿದ್ಯಾ?"

ಮೊದಲು ನಕ್ಕವರು ಯಾರೋ ನನಗೆ ನೆನಪಿಲ್ಲ. ಸೆರಗನ್ನು ಬಾಯಿಗೊತ್ತಿಕೊಂಡರೂ ತಡೆಯಲಾರದೆ ಇಬ್ಬರೂ ಬೆಂಚಿನ ಮೇಲೆ ಒಬ್ಬರಿಗೊಬ್ಬರು ವಾಲಿಕೊಂಡು ನಗುತ್ತಿದ್ದರು. ಕಾವಲಿನ ಹುಡುಗಿಯೂ ನಗುತ್ತಿದ್ದಳು. ನಿಲ್ದಾಣದವರು ಗದರದೆ ಗೇಟು ತೆರೆದು ಕೊಟ್ಟರು. ಹೊರಬಂದವರು ಮನೆಗೆ ತಿರುಗಲಿಲ್ಲ. ವಸಂತಮ್ಮನ ಬಳಿ ಹೂ ಕೊಂಡು, ನೀರಿನ ಟ್ಯಾಂಕಿನ ಕಡೆ ನಡೆದರು. ನಾನು ಹಿಂಬಾಲಿಸಲಿಲ್ಲ.

ಈಗ ನಮ್ಮ ಬೀದಿಯಲ್ಲಿ ಮೌನವೆಂಬುದಿಲ್ಲ. ಉಪ್ಪು ಹೆಚ್ಚಾಯಿತೆಂದು, ಬಟ್ಟೆ ಒಣಗಲಿಲ್ಲವೆಂದು, ನಲ್ಲಿ ನಿಲ್ಲಿಸಲಿಲ್ಲವೆಂದು ಅತ್ತಿಗೆ ನಾದಿನಿಯರು ಬೆಳಗಿನಿಂದಲೇ ಗದ್ದಲ ಮಾಡುತ್ತಾರೆ. ಆ ಗದ್ದಲ ಕೇಳಿಸಿದರೆ ನನಗೆ ನೆಮ್ಮದಿ. ಹೊಲದ ವಿಚಾರ ಮಾತ್ರ ಇನ್ನೂ ಇತ್ಯರ್ಥವಾಗಿಲ್ಲ. "ಕೇಳ್ದೆ ಒತ್ತಿದ್ದು ತಪ್ಪೇ" ಎಂದು ಸೊಣ್ಣಮ್ಮನವರು ಇಂದಿಗೂ ಅನ್ನುತ್ತಾರೆ. ಚಿಕ್ಕಮುನಿಯಮ್ಮ ಇಂದಿಗೂ ಒಪ್ಪುವುದಿಲ್ಲ.

ಈ ಬಗೆಯ ಜನ ಕ್ಷಮೆಯೆಂಬ ಪದವನ್ನು ಬಳಸಿದ್ದನ್ನು ನಾನು ಕಂಡಿಲ್ಲ. ನೊಂದದ್ದನ್ನು ಅವರು ಮರೆಯುವುದಿಲ್ಲ, ಮರೆತಂತೆ ನಟಿಸುವುದೂ ಇಲ್ಲ; ಮುನಿಸನ್ನು ಪಿತ್ರಾರ್ಜಿತ ಆಸ್ತಿಯಂತೆ ಜೋಪಾನ ಮಾಡುತ್ತಾರೆ. ಆದರೆ ಸಂಜೆಯೊಳಗೆ ಮನೆಗೆ ಬರಬೇಕಾದವರು ಬಾರದಿದ್ದರೆ ಆ ಮುನಿಸನ್ನು ಅಲ್ಲೇ ಕೆಳಗಿಟ್ಟು ಹುಡುಕಲು ಹೊರಡುತ್ತಾರೆ, ಕರೆತಂದು ಉಣ್ಣಿಸುತ್ತಾರೆ, ಉಂಡ ಮೇಲೆ ಬೈಯುತ್ತಾರೆ.