ಮೂರನೇ ಸಾಲಿನ ಚಪ್ಪಾಳೆ

ಕಾಲರಿಗೆ ಮೈಕು ಸಿಕ್ಕಿಸುತ್ತಿದ್ದ ಹುಡುಗಿಯ ಬೆರಳು ತಣ್ಣಗೆ ಕುತ್ತಿಗೆಗೆ ತಾಗಿತು, ಝೆನೋನ್‌ಗೆ ಮೈ ಜುಮ್ಮೆಂದಿತು, ಎಂಬತ್ತಮೂರರ ಮೈ, ಇನ್ನೂ ಜುಮ್ಮೆನ್ನುತ್ತದಲ್ಲ — ಇನ್ನೈದೇ ನಿಮಿಷ ಸಾರ್, ಹೆದ್ರಬೇಡಿ, ಹೆದರಿಕೆಯಾ, ನಂಗಾ, ಅರವತ್ತು ಸಿನಿಮಾ ಮಾಡಿದೋನಿಗಾ, ಅಂತ ನಕ್ಕ, ನಕ್ಕಿದ್ದು ಮುಖ ಮಾತ್ರ, ಮುಖಕ್ಕೇನು, ಹೇಳಿದ್ದಕ್ಕೆಲ್ಲ ತಲೆಯಾಡಿಸುವ ಕೋಲೆಬಸವ ಅದು. ಪರದೆಯಾಚೆ ಕ್ರಾಕೋವ್ ಊರಿಗೆ ಊರೇ ಸೇರಿದೆ, ಜೀವಮಾನದ ಪ್ರಶಸ್ತಿಯಂತೆ, ಅವನ ಹಳೆಯ ಸಿನಿಮಾಗಳ ತುಣುಕು ಓಡುತ್ತಿವೆ, ಕುದುರೆಯ ಮೇಲೆ ಅವನೇ, ಗಣಿಯೊಳಗೆ ಅವನೇ. ಜೇಬಿನಲ್ಲಿ ಚೀಟಿ, ನಲವತ್ತು ವರ್ಷ ಗಂಟಲಲ್ಲೇ ಉಳಿದ ಎರಡು ಸಾಲು, ಆ ಚಳಿಗಾಲ ನಾನು ತಪ್ಪು ಮಾಡಿದೆ, ಬ್ರೋನ್ಯಾ, ಕ್ಷಮಿಸು. ಇವತ್ತು ಹೇಳದಿದ್ದರೆ ಇನ್ನು ಹೇಳುವುದು ಶವಪೆಟ್ಟಿಗೆಯೊಳಗಿಂದಲೇ. ಹೆಂಡತಿ ಬ್ರೋನ್ಯಾಗೆ ಮೊದಲ ಸಾಲಿನಲ್ಲಿ ಕುರ್ಚಿ ಇಟ್ಟಿದ್ದರಂತೆ, ಬೇಡಮ್ಮಾ, ನಂಗೆ ಮೂರನೇ ಸಾಲೇ ಸರಿ ಅಂದಳಂತೆ — ಯಾಕೆ ಮೂರನೆಯದು, ಅಯ್ಯೋ, ಗೊತ್ತಿಲ್ಲದವನ ಹಾಗೆ ಕೇಳಿಕೊಳ್ಳುತ್ತಾನೆ ನೋಡು.

ಸರ್ಕಾರ ಸೈನಿಕ ಆಡಳಿತ ಹೇರಿ ಸೈನ್ಯ ಬೀದಿಗಿಳಿದ ಚಳಿಗಾಲ ಅದು, ಟೀವಿಯಲ್ಲಿ ವಾರ್ತೆ ಓದುವವರಿಗೂ ಸಮವಸ್ತ್ರ, ಅದನ್ನು ವಿರೋಧಿಸಿ ನಟರೆಲ್ಲ ಸೇರಿ ಸರ್ಕಾರದ ಟೀವಿಯ ಹೊಸ್ತಿಲು ತುಳಿಯುವುದಿಲ್ಲ ಅಂತ ಕೈಯೆತ್ತಿದರು, ಮೊದಲು ಎತ್ತಿದ್ದು ಇವನೇ, ಪಕ್ಕದಲ್ಲಿ ಬ್ರೋನ್ಯಾ, ಅವಳೂ ನಟಿ, ಕೆಲಸ ಹೋಗಿ ಬೇರೆಯವರ ಬಟ್ಟೆ ಹೊಲಿದಳೇ ಹೊರತು ಕೈ ಇಳಿಸಲಿಲ್ಲ. ಇವನು ಎರಡೇ ತಿಂಗಳಿಗೆ ಇಳಿಸಿದ. ಸಣ್ಣ ಟೀವಿ ನಾಟಕ ಸಾರ್, ರಾಜಕೀಯ ಏನಿಲ್ಲ, ಆಮೇಲೆ ಆ ದೊಡ್ಡ ಸಿನಿಮಾ ನಿಮ್ದೇ, ಅಂದ ಟೀವಿಯವನು, ಇವನು ಹೋದ. ಅಮ್ಮನ ಔಷಧಿಗೆ ಅಂತ ಊರಿಗೆಲ್ಲ ಹೇಳಿದ, ಥೂ, ಯಾವ ಔಷಧಿ, ಜನ ನನ್ನ ಮುಖ ಮರೆತುಬಿಡುತ್ತಾರೆ ಅನ್ನುವ ಭಯ, ಅಷ್ಟೇ.

ವಾರ ಕಳೆದು ರಂಗಮಂದಿರದಲ್ಲಿ ಆಟ, ಇವನು ಹೆಜ್ಜೆಯಿಟ್ಟದ್ದೇ ತಡ ಚಪ್ಪಾಳೆ, ಖುಷಿಯಿಂದ ಬಗ್ಗಿ ನಮಸ್ಕರಿಸಿದ, ಪೆದ್ದ, ಮೂರು ಸಲ ಬಗ್ಗಿದ, ಚಪ್ಪಾಳೆ ನಿಲ್ಲಲಿಲ್ಲ, ಬಾಯಿ ತೆರೆದರೆ ಜೋರಾಗುತ್ತದೆ, ಮುಚ್ಚಿದರೆ ತಗ್ಗುತ್ತದೆ, ಆಗ ತಿಳಿಯಿತು, ಟೀವಿಗೆ ಹೋದದ್ದಕ್ಕೆ ಈ ಚಪ್ಪಾಳೆ. ಯಾರೂ ಬೈಯಲಿಲ್ಲ, ಬೈದಿದ್ದರೆ ಚೆನ್ನಾಗಿತ್ತು, ಒಂದೇ ಒಂದು ಮಾತಾಡಲು ಬಿಡಲಿಲ್ಲ. ಒಲೆಗೆ ಕಲ್ಲಿದ್ದಲಿಲ್ಲದ ಸಭಾಂಗಣ, ಎಲ್ಲರ ಕೈಗೂ ಉಣ್ಣೆಯ ಗವಸು, ಅಂಗಳದಲ್ಲಿ ಜಮಖಾನೆ ಬಡಿದಂತೆ ಮಂದ ಸದ್ದು — ಅದರ ನಡುವೆ ಮೂರನೇ ಸಾಲಿನಲ್ಲಿ ಬ್ರೋನ್ಯಾ, ಒಂದೊಂದೇ ಬೆರಳು ಬಿಡಿಸಿ ಗವಸು ತೆಗೆದಳು, ಜೋಡಿಸಿ ತೊಡೆಯ ಮೇಲಿಟ್ಟಳು, ಬರಿಗೈಯಲ್ಲಿ ತಟ್ಟಿದಳು, ಅವನನ್ನೇ ನೋಡುತ್ತ. ಮನೆಗೆ ಬಂದು ಬೀಟ್‌ರೂಟ್ ಸಾರು ಬಡಿಸಿದಳು, ಅಂಗೈ ಕೆಂಪಗೆ ಊದಿತ್ತು, ಉಪ್ಪು ಸಾಕಾ ಅಂದಳು, ಸಾಕು ಅಂದ. ಆಮೇಲೆ ನಲವತ್ತು ವರ್ಷ ಉಪ್ಪು, ಮಾತ್ರೆ, ಮೊಮ್ಮಕ್ಕಳು, ಎಲ್ಲ ಮಾತಾಡಿದರು, ಅದೊಂದನ್ನು ಬಿಟ್ಟು.

ಬನ್ನಿ ಸಾರ್ — ಬೆಳಕು, ಸಭೆಗೆ ಸಭೆಯೇ ಎದ್ದು ನಿಂತು ತಟ್ಟುತ್ತಿದೆ, ಚಪ್ಪಾಳೆ ನಿಲ್ಲಲಿ ದೇವರೇ, ನಿಂತುಬಿಡಲಿ, ಜೇಬಿನಿಂದ ಚೀಟಿ ತೆಗೆದ, ನಿಂತಿತು, ಕೂತರು, ಅಬ್ಬಾ, ನಿಂತಿತು. ಮೈಕಿನ ಮುಂದೆ ಬಾಯಿ ತೆರೆದ, ಆ ಚಳಿಗಾಲ ನಾನು — ಟಪ್. ಎಲ್ಲಿಂದ, ಮೂರನೇ ಸಾಲಿನಿಂದ, ಒಂದೇ ಜೊತೆ ಕೈ, ಟಪ್ ಟಪ್, ಪಾಪ ಅಜ್ಜಿಗೆ ಎಷ್ಟು ಪ್ರೀತಿ ನೋಡು ಅಂತ ಯಾರೋ ಮೆಲ್ಲಗೆ ನಕ್ಕರು, ಬಾಯಿ ಮುಚ್ಚಿದ, ನಿಂತಿತು, ಹೇಳಬೇಡ ಅಂತಲಾ ಬ್ರೋನ್ಯಾ, ಸಾಕು, ಬಿಟ್ಟುಬಿಡು ಅಂತಲಾ, ಇಲ್ಲಾ ಇನ್ನೂ ಸಿಟ್ಟಾ — ತೆರೆದ, ಬ್ರೋನ್ಯಾ, ಕ್ಷಮಿ — ಟಪ್, ತೊಡೆಯ ಮೇಲೆ ಜೋಡಿಸಿಟ್ಟ ಗವಸು, ಸುಕ್ಕುಗಟ್ಟಿದ ಬರಿಗೈ, ಕೆಂಪು ಅಂಗೈ, ಕೆಂಪು ಅಂಗೈ